ಜತೆ ಆಟಗಾರರ ರ‍್ಯಾಂಕ್ ನೋಡುವ ಆತುರ

ಮುಂಬಯಿಯಂಥ ನಗರದಲ್ಲಿ ಮಕ್ಕಳಿಗೆ ಆಡಲು ಮೈದಾನವಿಲ್ಲ ಎಂಬ ಮಾತು ನಮ್ಮ ಸಂಘ-ಸಂಸ್ಥೆಗಳ ವೇದಿಕೆಗಳಲ್ಲಿ ಆಗಾಗ ಕೇಳಿಬರುತ್ತದೆ. ಮೈದಾನವಿಲ್ಲದ ಮಕ್ಕಳು ಆಟವನ್ನೇನೂ ಬಿಟ್ಟಿಲ್ಲ. ಕಂಪ್ಯೂಟರಿನ ಪರದೆಯ ಮೇಲೆ ಆಡುತ್ತಿದ್ದಾರೆ. ಅದರಲ್ಲೂ ತಂಡ ಕಟ್ಟಿ ಗುಂಡು ಹಾರಿಸುವ ಆನ್‌ಲೈನ್ ಆಟಗಳೆಂದರೆ ಹುಡುಗರಿಗೆ ಎಲ್ಲಿಲ್ಲದ ಆಕರ್ಷಣೆ. ಈ ಆಟಗಳಲ್ಲಿರುವ ಹೊಡೆದಾಟದ ಬಗ್ಗೆ, ಹಾಳಾಗುವ ಸಮಯದ ಬಗ್ಗೆ ಹಿರಿಯರು ಸಾಕಷ್ಟು ಚರ್ಚಿಸಿದ್ದಾರೆ. ಆದರೆ ಅವುಗಳೊಳಗೆ ಬೆಳೆದಿರುವ ಇನ್ನೊಂದು ಅಭ್ಯಾಸದತ್ತ ನಮ್ಮ ಗಮನ ಹರಿದಂತಿಲ್ಲ. ಅದೆಂದರೆ, ಜತೆಯಲ್ಲಿ ಆಡುವವರ ಹಾಗೂ ಎದುರು ಆಡುವವರ ರ‍್ಯಾಂಕನ್ನು ಮೊದಲು ಕೆದಕಿ ನೋಡುವುದು, ಆ ಮೇಲೆಯೇ ಅವರೊಡನೆ ಹೇಗೆ ಮಾತಾಡಬೇಕೆಂದು ನಿರ್ಧರಿಸುವುದು.

ಇಂದು ನಲವತ್ತರ ಆಸುಪಾಸಿನಲ್ಲಿರುವ ನಮ್ಮ ಅನೇಕ ತರುಣರು ಕೌಂಟರ್-ಸ್ಟ್ರೈಕ್ ಎಂಬ ಹೆಸರನ್ನು ಮರೆತಿರಲಾರರು. 1999ರಲ್ಲಿ ಮಿನ್ ಲೀ ಮತ್ತು ಜೆಸ್ ಕ್ಲಿಫ್ ಎಂಬ ಇಬ್ಬರು ಯುವಕರು ಹಾಫ್-ಲೈಫ್ ಎಂಬ ಆಟವನ್ನು ಮಾರ್ಪಡಿಸಿ ಹವ್ಯಾಸಕ್ಕೆಂದು ರೂಪಿಸಿದ ಆಟವಿದು. ಮರುವರ್ಷ ಅಮೆರಿಕದ ವಾಲ್ವ್ ಕಂಪನಿ ಅದನ್ನು ಮಾರುಕಟ್ಟೆಗೆ ತಂದಿತು. ಸೈಬರ್ ಕೆಫೆಗಳ ಕಾಲದಲ್ಲಿ ಗಂಟೆಗೆ ಇಷ್ಟೆಂದು ಹಣ ಕೊಟ್ಟು, ಅಕ್ಕಪಕ್ಕದ ಕುರ್ಚಿಗಳಲ್ಲಿ ಕುಳಿತು ಹುಡುಗರು ಇದನ್ನು ಆಡುತ್ತಿದ್ದರು. ಆಗ ರ‍್ಯಾಂಕ್ ಎಂಬುದಿರಲಿಲ್ಲ. ಯಾರ ಕೈ ಚುರುಕು ಎಂದು ತಿಳಿಯಲು ಪಕ್ಕದ ಕುರ್ಚಿಯತ್ತ ನೋಡಿದರೆ ಸಾಕಿತ್ತು. ಸೋತವನ ಬೆನ್ನು ತಟ್ಟುವುದಕ್ಕೂ, ಅವನನ್ನು ಕಿಚಾಯಿಸುವುದಕ್ಕೂ ಅವನು ಅಲ್ಲೇ ಇದ್ದ.

2012ರಲ್ಲಿ ಕೌಂಟರ್-ಸ್ಟ್ರೈಕ್: ಗ್ಲೋಬಲ್ ಅಫೆನ್ಸಿವ್ ಬಂದ ಮೇಲೆ ಚಿತ್ರ ಬದಲಾಯಿತು. ಮನೆಯಲ್ಲಿ ಕುಳಿತು ಅಪರಿಚಿತರೊಂದಿಗೆ ಆಡುವಾಗ ಸಮಬಲದವರನ್ನೇ ಜೋಡಿಸಬೇಕಲ್ಲ? ಅದಕ್ಕಾಗಿ 18 ದರ್ಜೆಗಳ ಏಣಿ ಏರ್ಪಟ್ಟಿತು. ಕೆಳಗೆ ಸಿಲ್ವರ್, ಅದರ ಮೇಲೆ ಗೋಲ್ಡ್ ನೋವಾ, ಮಾಸ್ಟರ್ ಗಾರ್ಡಿಯನ್, ಲೆಜೆಂಡರಿ ಈಗಲ್, ತುತ್ತತುದಿಯಲ್ಲಿ ಗ್ಲೋಬಲ್ ಎಲೀಟ್. ಹತ್ತು ಪಂದ್ಯ ಗೆದ್ದ ಬಳಿಕವೇ ಆಟಗಾರನಿಗೆ ದರ್ಜೆ ದೊರೆಯುತ್ತಿತ್ತು. ಗಮನಿಸಬೇಕಾದ ಅಂಶವೆಂದರೆ, ಎದುರಾಳಿಗಳ ದರ್ಜೆ ಆಟದ ನಡುವೆ ಕಾಣುತ್ತಿರಲಿಲ್ಲ. ಪಂದ್ಯ ಮುಗಿದ ಮೇಲೆ ಅಂಕಪಟ್ಟಿಯಲ್ಲಿ ತೋರಿಬರುತ್ತಿತ್ತು. ಆಡುವ ಮೊದಲೇ ಹೆದರುವುದೂ ಬೇಡ, ಹೀಯಾಳಿಸುವುದೂ ಬೇಡ ಎಂಬ ಅನುಕೂಲ ಇದರಲ್ಲಿತ್ತು.

2023ರ ಸೆಪ್ಟೆಂಬರ್‌ನಲ್ಲಿ ಅದರ ಸ್ಥಾನಕ್ಕೆ ಕೌಂಟರ್-ಸ್ಟ್ರೈಕ್ 2 ಬಂತು. ಹಳೆಯ 18 ದರ್ಜೆಗಳು ಒಂದು ವಿಭಾಗದಲ್ಲಿ ಉಳಿದುಕೊಂಡರೂ, ಪ್ರೀಮಿಯರ್ ಎಂಬ ಮುಖ್ಯ ವಿಭಾಗದಲ್ಲಿ ದರ್ಜೆಯ ಬದಲು ನೇರವಾಗಿ ಸಂಖ್ಯೆಯನ್ನೇ ಕೊಡುತ್ತಾರೆ. 5,000ಕ್ಕಿಂತ ಕಡಿಮೆ ಇದ್ದರೆ ಬೂದು ಬಣ್ಣ, ಅಲ್ಲಿಂದ ಮೇಲೆ ತಿಳಿ ನೀಲಿ, ನೀಲಿ, ನೇರಳೆ, ಗುಲಾಬಿ, ಕೆಂಪು. 30,000 ದಾಟಿದವನಿಗೆ ಚಿನ್ನದ ಬಣ್ಣ. ಗೆದ್ದರೆ ಎಷ್ಟು ಅಂಕ ಬರುತ್ತದೆ, ಸೋತರೆ ಎಷ್ಟು ಹೋಗುತ್ತದೆ ಎಂಬುದನ್ನು ಪಂದ್ಯದ ಆರಂಭದಲ್ಲೇ ತೋರಿಸುತ್ತಾರೆ. ಹೀಗಾಗಿ ಬಣ್ಣ ನೋಡಿ ಮನುಷ್ಯನನ್ನು ಅಳೆಯುವುದು ಸುಲಭವಾಗಿದೆ.

ಈ ಅಂಕಗಳ ಮೂಲ ಚದುರಂಗದಲ್ಲಿದೆ. ಹಂಗೇರಿ ಮೂಲದ ಅಮೆರಿಕನ್ ಭೌತಶಾಸ್ತ್ರ ಪ್ರಾಧ್ಯಾಪಕ ಅರ್ಪಾದ್ ಈಲೋ ರೂಪಿಸಿದ ಲೆಕ್ಕವನ್ನು ವಿಶ್ವ ಚೆಸ್ ಸಂಸ್ಥೆ ಫಿಡೆ 1970ರಲ್ಲಿ ಸ್ವೀಕರಿಸಿತು. ಅದರ ತತ್ವ ಸರಳ. ನಿಮಗಿಂತ ಬಲಶಾಲಿಯನ್ನು ಸೋಲಿಸಿದರೆ ಹೆಚ್ಚು ಅಂಕ, ದುರ್ಬಲನನ್ನು ಸೋಲಿಸಿದರೆ ಕಡಿಮೆ ಅಂಕ. ಇಬ್ಬರ ನಡುವೆ 200 ಅಂಕಗಳ ಅಂತರವಿದ್ದರೆ, ನೂರು ಆಟಗಳಲ್ಲಿ ಬಲಶಾಲಿಗೆ ಸುಮಾರು 76 ಅಂಕ ಸಿಗಬಹುದೆಂದು ಈಲೋ ಲೆಕ್ಕ ಹೇಳುತ್ತದೆ. ಅಂದರೆ ಉಳಿದ 24 ಇನ್ನೊಬ್ಬನ ಪಾಲಿಗೆ! ಅಂಕ ಎಂಬುದು ಒಂದು ಅಂದಾಜು ಮಾತ್ರ, ತೀರ್ಪಲ್ಲ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕಿಲ್ಲ. ಮೇಲಾಗಿ ಚೆಸ್‌ನಲ್ಲಿ ಆಡುವವನು ಒಬ್ಬನೇ. ಇಲ್ಲಿ ಒಂದು ತಂಡದಲ್ಲಿ ಐವರು. ನಾಲ್ವರು ಎಡವಿದರೆ ಐದನೆಯವನ ಅಂಕವೂ ಇಳಿಯುತ್ತದೆ.

ಬ್ಯಾಂಕಿನ ಕೆಲಸದಲ್ಲಿರುವ ನನಗೆ ಇದನ್ನು ಕಂಡಾಗ ನೆನಪಾಗುವುದು ಸಿಬಿಲ್ ಸ್ಕೋರ್. ಸಾಲಗಾರನ ಹಿಂದಿನ ವ್ಯವಹಾರ ನೋಡಿ 300ರಿಂದ 900ರ ಒಳಗೆ ಒಂದು ಸಂಖ್ಯೆ ಕೊಡುತ್ತಾರೆ. ಸಾಲದ ಅರ್ಜಿ ಬಂದಾಗ ಬ್ಯಾಂಕು ಅದನ್ನು ನೋಡುತ್ತದೆ. ಆದರೆ ಪಕ್ಕದ ಮನೆಯವರ ಸ್ಕೋರ್ ತಿಳಿದುಕೊಂಡು ಅವರ ಮನೆಯ ಮದುವೆಗೆ ಹೋಗುವುದೋ ಬಿಡುವುದೋ ಎಂದು ಯಾರೂ ತೀರ್ಮಾನಿಸುವುದಿಲ್ಲ. ಅದಕ್ಕೆ ಅವಕಾಶವೂ ಇಲ್ಲ. ಆಟದಲ್ಲಿ ಈ ಅಡ್ಡಗೋಡೆ ಬಹಳ ತೆಳ್ಳಗಿದೆ. ಯಾರ ಅಂಕವನ್ನು ಯಾರಾದರೂ ಇಣುಕಿ ನೋಡಬಹುದು.

ನಮ್ಮ ಕುಟುಂಬದಲ್ಲೇ ನಡೆದ ಒಂದು ಸಂಗತಿಯನ್ನು ಇಲ್ಲಿ ಹೇಳಬಹುದು. ಅಕ್ಕ-ತಂಗಿಯರ ಮಕ್ಕಳು ಐವರು. ಇಬ್ಬರು ಮುಂಬಯಿಯಲ್ಲಿ, ಇಬ್ಬರು ಪುಣೆಯಲ್ಲಿ, ಒಬ್ಬ ಊರಿನಲ್ಲಿ ಕಾರ್ಕಳದ ಕಡೆ. ಭಾನುವಾರ ರಾತ್ರಿ ಐವರೂ ಸೇರಿ ತಂಡ ಕಟ್ಟಿ ಆಡುತ್ತಿದ್ದರು. ನಡುನಡುವೆ ತುಳುವಿನಲ್ಲಿ ಊರಿನ ಸುದ್ದಿ, ಅಜ್ಜಿಯ ಆರೋಗ್ಯ, ದನ ಕರು ಹಾಕಿದ್ದು ಎಲ್ಲವೂ ಬರುತ್ತಿತ್ತು. ಮುಂಬಯಿಯಲ್ಲಿ ಹುಟ್ಟಿದ ಹುಡುಗರ ಬಾಯಲ್ಲಿ ತುಳು ಉಳಿದಿದ್ದರೆ ಅದಕ್ಕೆ ಈ ಆಟವೂ ಒಂದು ಕಾರಣ ಎಂದು ನಾನು ಒಳಗೊಳಗೇ ಸಂತೋಷಪಟ್ಟಿದ್ದೆ. ಒಂದು ಭಾನುವಾರ ಕಾರ್ಕಳದವನ ದನಿ ಕೇಳಲಿಲ್ಲ. ಏಕೆಂದು ಅಕ್ಕನ ಮಗನನ್ನು ವಿಚಾರಿಸಿದೆ.

"ಅವನದ್ದು ಇನ್ನೂ ಗ್ರೇ, ಮಾಮ. ನಾಲ್ಕು ಸಾವಿರ ದಾಟಿಲ್ಲ. ಅವನಿದ್ದರೆ ನಮ್ಮ ಪಾಯಿಂಟ್ ಹೋಗ್ತದೆ" ಎಂದ.

"ಅವನ ಬದಲು ಯಾರಿದ್ದಾರೆ?"

"ಯಾರೋ ಗೊತ್ತಿಲ್ಲ. ಆದರೆ ಹದಿಮೂರು ಸಾವಿರ ಇದೆ."

ಇಬ್ಬರೂ ನನಗೆ ಅಳಿಯಂದಿರೇ. ಒಬ್ಬನ ಪರ ವಹಿಸಿ ಇನ್ನೊಬ್ಬನನ್ನು ಗದರಿಸುವ ಹಾಗಿರಲಿಲ್ಲ. ಊರಿನವನಿಗೆ ನಾನೇ ಫೋನ್ ಮಾಡಿದೆ. "ಪರ್ವಾಗಿಲ್ಲ ಮಾಮ, ನನಗೆ ಪರೀಕ್ಷೆ ಉಂಟು" ಎಂದನಷ್ಟೆ. ಆ ತಿಂಗಳು ಅವನಿಗೆ ಯಾವ ಪರೀಕ್ಷೆಯೂ ಇರಲಿಲ್ಲವೆಂದು ಅವನ ಅಮ್ಮನಿಂದ ತಿಳಿಯಿತು. ಇದನ್ನು ಅಕ್ಕನ ಮಗನಿಗೆ ಹೇಳಿದಾಗ ಅವನು ಬಹಳ ಹೊತ್ತು ಮಾತಾಡಲಿಲ್ಲ. ಮುಂದೆ ಹುಡುಗರೇ ಸೇರಿ ಒಂದು ಕಟ್ಟಳೆ ಮಾಡಿಕೊಂಡರು. ಭಾನುವಾರ ಅಂಕ ಲೆಕ್ಕಕ್ಕೆ ಬಾರದ ವಿಭಾಗದಲ್ಲೇ ಆಟ, ಅಂಕದ ಆಟ ಏನಿದ್ದರೂ ಉಳಿದ ದಿನ. ಈಗ ಐವರೂ ಆಡುತ್ತಿದ್ದಾರೆ. ಕಾರ್ಕಳದವನ ಗುರಿ ಸ್ವಲ್ಪ ಸುಧಾರಿಸಿದೆಯಂತೆ.

ಇಷ್ಟಕ್ಕೂ ಕಣ್ಣಿಗೆ ಕಾಣುವ ಅಂಕವೆಲ್ಲ ನಿಜವಾಗಿರಬೇಕೆಂದಿಲ್ಲ. ಪಳಗಿದ ಆಟಗಾರರು ಹೊಸ ಖಾತೆ ತೆರೆದು, ಕಡಿಮೆ ಅಂಕದಲ್ಲಿ ಅಡಗಿ, ಕಲಿಯುವವರನ್ನು ಸುಲಭವಾಗಿ ಸೋಲಿಸುವುದುಂಟು. ಇವರನ್ನು ಸ್ಮರ್ಫ್ ಎನ್ನುತ್ತಾರೆ. ಇದಕ್ಕೆ ವಿರುದ್ಧವಾಗಿ, ಹಣ ಕೊಟ್ಟು ಬೇರೆಯವರಿಂದ ಆಡಿಸಿ ತಮ್ಮ ಅಂಕ ಏರಿಸಿಕೊಳ್ಳುವವರೂ ಇದ್ದಾರೆ. ಇದಕ್ಕೆ ಬೂಸ್ಟಿಂಗ್ ಎಂದು ಹೆಸರು. ಬೇರೆಯವರು ಬರೆದ ಪರೀಕ್ಷೆಯಲ್ಲಿ ಪಾಸಾದವನ ಅಂಕಪಟ್ಟಿಯಂತೆ ಇದು. ಮುಂದಿನ ಪಂದ್ಯದಲ್ಲೇ ಬಣ್ಣ ಬಯಲಾಗುತ್ತದೆ.

ಇದಕ್ಕಿಂತಲೂ ಹೆತ್ತವರು ಎಚ್ಚರ ವಹಿಸಬೇಕಾದದ್ದು ಮೋಸದ ವಿಷಯದಲ್ಲಿ. ಆಟದೊಳಗೆ ತಿಳಿಯದ ವಿವರಗಳನ್ನು ತೋರಿಸುವ ಹೊರಗಿನ ಜಾಲತಾಣಗಳು ಹಲವಿವೆ. ಅವುಗಳಲ್ಲಿ ಪ್ರಾಮಾಣಿಕವಾದವು ಇರುವಂತೆ, ಸ್ಟೀಮ್ ಖಾತೆಯ ಪಾಸ್‌ವರ್ಡ್ ಕದಿಯಲೆಂದೇ ತೆರೆದ ನಕಲಿಗಳೂ ಇವೆ. ಆಟದ ಬಂದೂಕು, ಚಾಕುಗಳಿಗೆ ತೊಡಿಸುವ ಸ್ಕಿನ್ ಎಂಬ ಬಣ್ಣದ ಹೊದಿಕೆಗಳು ಹಣಕ್ಕೆ ಮಾರಾಟವಾಗುತ್ತವೆ. ಅಪರೂಪದ ಕೆಲವಕ್ಕೆ ಲಕ್ಷಗಟ್ಟಲೆ ರೂಪಾಯಿ ಬೆಲೆಯಿದೆ. ಆದುದರಿಂದ ಆ ಖಾತೆ ಒಂದು ಉಳಿತಾಯ ಖಾತೆಯಷ್ಟೇ ಜೋಪಾನವಾಗಿರಬೇಕು. ಬ್ರೌಸರಿನಲ್ಲಿ ಈಗಾಗಲೇ ಸ್ಟೀಮ್‌ಗೆ ಲಾಗಿನ್ ಆಗಿದ್ದರೂ ಮತ್ತೆ ಪಾಸ್‌ವರ್ಡ್ ಕೇಳಿದರೆ ಸಂಶಯಪಡಬೇಕು. ಕಂಪ್ಯೂಟರಿನಲ್ಲಿ ಲಾಗಿನ್ ಕಿಟಕಿ ಬೇರೆಯಾಗಿ ತೆರೆದುಕೊಂಡರೆ ಅದನ್ನು ಮೌಸ್‌ನಿಂದ ಎಳೆದು ನೋಡಬೇಕು. ಬ್ರೌಸರಿನ ಅಂಚು ದಾಟಿ ಹೊರಬಾರದಿದ್ದರೆ ಅದು ಕಿಟಕಿಯಲ್ಲ, ಕಿಟಕಿಯ ಚಿತ್ರ. ಬ್ಯಾಂಕಿನ ಒಟಿಪಿಯಂತೆಯೇ ಸ್ಟೀಮ್ ಗಾರ್ಡ್ ಸಂಕೇತವನ್ನೂ ಯಾರಿಗೂ ಹೇಳಬಾರದು. ತಮ್ಮ ಆಟದ ವಿವರ ಅಪರಿಚಿತರಿಗೆ ಕಾಣಬಾರದೆಂದರೆ ಸ್ಟೀಮ್ ಪ್ರೊಫೈಲಿನ ಪ್ರೈವೆಸಿ ವಿಭಾಗದಲ್ಲಿ ಅದನ್ನು ಮುಚ್ಚಿಡಲು ಅವಕಾಶವಿದೆ.

ರ‍್ಯಾಂಕ್ ನೋಡಲೇಬಾರದು ಎಂದು ಮಕ್ಕಳಿಗೆ ಹೇಳಿ ಪ್ರಯೋಜನವಿಲ್ಲ. ಮಾರ್ಕಿನಿಂದ ಸಂಬಳದವರೆಗೆ ಎಲ್ಲವನ್ನೂ ಹೋಲಿಸಿ ನೋಡುವ ನಾವು ಹಾಗೆ ಹೇಳಿದರೆ ಅವರು ನಗಬಹುದು. ಸಮಬಲದವರೊಂದಿಗೆ ಆಡಲು, ತನ್ನ ಕಲಿಕೆ ಎಲ್ಲಿಗೆ ಬಂತೆಂದು ತಿಳಿಯಲು ಆ ಸಂಖ್ಯೆ ಉಪಯುಕ್ತವೇ. ಜತೆಯವನನ್ನು ಬೈಯಲು, ತಂಡದಿಂದ ಹೊರಗಟ್ಟಲು ಅದು ನೆಪವಾಗಬಾರದು. ರಾತ್ರಿ ಊಟಕ್ಕೆ ಕುಳಿತಾಗ "ಇವತ್ತು ಎಷ್ಟು ಪಾಯಿಂಟ್ ಬಂತು?" ಎಂದು ಕೇಳುವ ಬದಲು "ಇವತ್ತು ಯಾರೊಟ್ಟಿಗೆ ಆಡಿದೆ?" ಎಂದು ಮಕ್ಕಳನ್ನು ಕೇಳಿ ನೋಡಿ. ಉತ್ತರದಲ್ಲಿ ನಿಮ್ಮದೇ ಬಂಧುವಿನ ಮಗನ ಹೆಸರು ಬಂದರೂ ಬರಬಹುದು.