ಎಯ್ಟಿ-ಟ್ವೆಂಟಿ

ಜಯನಗರ 4ನೇ ಬ್ಲಾಕಿನ ಕಾಂಪ್ಲೆಕ್ಸ್ ದಾಟಿ ಒಳರಸ್ತೆಗೆ ಹೊರಳಿದರೆ, ಬೋರ್ಡು ಕಣ್ಣಿಗೆ ಬೀಳುವ ಮೊದಲೇ ಕಾಫಿಪುಡಿ ಅಂಗಡಿ ಮೂಗಿಗೆ ಸಿಗುತ್ತದೆ. ಸಂಜೆ ಆರೂವರೆ. ಗ್ರೈಂಡರು ಗುರ್ರೆನ್ನುತ್ತಿದೆ, ಅದರ ಬಾಯಿಂದ ಬಿಸಿಬಿಸಿ ಪುಡಿ ತಗಡಿನ ಡಬ್ಬಕ್ಕೆ ಇಳಿಯುತ್ತಿದೆ. ಗಾಜಿನ ಹಿಂದೆ ಪೀಬೆರಿ, ಪ್ಲಾಂಟೇಷನ್ ಎ, ರೊಬಸ್ಟಾ ಬೀಜಗಳು ಚೀಟಿ ಅಂಟಿಸಿಕೊಂಡು ಕೂತಿವೆ. ಮೂಲೆಯ ಡಬ್ಬದಲ್ಲಿ ಚಿಕೋರಿ. ಅದು ಬೀಜವಲ್ಲ, ಹುರಿದು ಪುಡಿ ಮಾಡಿದ ಬೇರು.

ಪುಡಿ ಕೇಳುವಾಗ ಇಲ್ಲಿ ಯಾರೂ ‘ಶೇಕಡಾ’ ಅನ್ನುವುದಿಲ್ಲ. “ಅರ್ಧ ಕೆ.ಜಿ. ಎಯ್ಟಿ-ಟ್ವೆಂಟಿ” ಅಂದರೆ ಸಾಕು. ಹುಡುಗ ತಕ್ಕಡಿಯ ಮೇಲೆ ಕವರಿಟ್ಟು 400 ಬರುವವರೆಗೆ ಕಾಫಿ, ಅಲ್ಲಿಂದ 500ರವರೆಗೆ ಚಿಕೋರಿ ಸುರಿಯುತ್ತಾನೆ. ಅಂಕಿ 503 ತೋರಿಸಿತೋ, ಚಮಚದ ತುದಿಯಲ್ಲಿ ಚಿಟಿಕೆಯಷ್ಟು ವಾಪಸ್ ತೆಗೆಯುತ್ತಾನೆ. ಚಿಕೋರಿ ಶೇಕಡಾ 49 ದಾಟಬಾರದು ಎನ್ನುವುದು ಕಾನೂನು. ಇಲ್ಲಿಯ ಗಿರಾಕಿಗಳು 40 ಅಂದರೇ ಮುಖ ಸಿಂಡರಿಸುತ್ತಾರೆ.

ಹಾಗೆ ಮುಖ ಸಿಂಡರಿಸಿಕೊಂಡೇ ಬಂದವರು ಒಬ್ಬ ಹಿರಿಯರು. ಜೊತೆಗೆ ಟ್ಯೂಷನ್ ಬ್ಯಾಗು ಹೊತ್ತ ಮೊಮ್ಮಗಳು.

“ಕೆಲಸದ ಹುಡುಗನ್ನ ಕಳಿಸಿದ್ದೆ, ಸಿಕ್ಸ್ಟಿ-ಫಾರ್ಟಿ ತಂದುಬಿಟ್ಟಿದ್ದಾನೆ. ಒಡೆದಿಲ್ಲ, ಅರ್ಧ ಕೆ.ಜಿ. ಹಾಗೇ ಇದೆ. ಇಪ್ಪತ್ತು ಪರ್ಸೆಂಟ್ ತಾನೇ ಕಮ್ಮಿ? ಒಂದು ನೂರು ಗ್ರಾಂ ಪ್ಯೂರ್ ಹಾಕಿ ಸರಿ ಮಾಡಿಕೊಡಿ.”

“ಆಗಲ್ಲ ತಾತ,” ಅಂದಳು ಮೊಮ್ಮಗಳು. “ಒಳಗಿರೋ ಚಿಕೋರಿ ಎಲ್ಲಿಗೂ ಹೋಗಲ್ವಲ್ಲ.”

ಬಿಲ್ಲಿನ ಬೆನ್ನಿಗೆ ಪೆನ್ನು ಬಿತ್ತು. 500ರಲ್ಲಿ ಚಿಕೋರಿ 200 ಗ್ರಾಂ. ನೂರು ಬೆರೆಸಿದರೆ 600ಕ್ಕೆ 200, ಮೂರರಲ್ಲೊಂದು ಪಾಲು. ಆ 200 ಶೇಕಡಾ 20 ಆಗಬೇಕಾದರೆ ಒಟ್ಟು ತೂಕ 1000 ಆಗಬೇಕು. ಬೆರೆಸಿದಷ್ಟೂ ಒಟ್ಟು ಮೊತ್ತವೂ ಬೆಳೆಯುತ್ತದೆ ಅನ್ನುವುದನ್ನು ತಾತ ಮರೆತಿದ್ದರು. ಪರೀಕ್ಷೆಯಲ್ಲಿ ನಾನೂ ಎಷ್ಟೋ ಸಲ ಅಲ್ಲೇ ಜಾರಿದ್ದೇನೆ.

ಅವಳು ಗೆರೆ ಎಳೆಯುವಷ್ಟರಲ್ಲಿ ಯಜಮಾನರು ಅರ್ಧ ಕೆ.ಜಿ. ಪ್ಯೂರ್ ತೂಗಿ ಇಟ್ಟಾಗಿತ್ತು. “ಸಮಸಮ ಹಾಕ್ಬೇಕು ಸಾರ್. ಪ್ಯೂರಿಗೆ ಸೊನ್ನೆ, ನಿಮ್ಮದಕ್ಕೆ ನಲವತ್ತು, ನಿಮಗೆ ಬೇಕಾದ ಇಪ್ಪತ್ತು ಸರಿಯಾಗಿ ನಡುವೆ.”

ಎಕ್ಸ್ ಇಲ್ಲ, ಸಮೀಕರಣ ಇಲ್ಲ. ಬೆರಕೆಯ ಲೆಕ್ಕ ಈ ನಾಡಿಗೆ ಹಳೆಯದೇ. ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ದಲ್ಲಿ ಮಿಶ್ರಕ ವ್ಯವಹಾರಕ್ಕೆಂದೇ ಒಂದು ಅಧ್ಯಾಯ ಇಟ್ಟಿದ್ದಾನೆ. ಬೇರೆಬೇರೆ ಬಣ್ಣದ, ಅಂದರೆ ಬೇರೆಬೇರೆ ಶುದ್ಧತೆಯ, ಚಿನ್ನ ಕರಗಿಸಿ ಬೆರೆಸುವ ಲೆಕ್ಕ ಅಲ್ಲಿದೆ. ಕಾಫಿ ಆಗಿನ್ನೂ ಈ ಸೀಮೆಗೆ ಬಂದಿರಲಿಲ್ಲ, ಇಲ್ಲದಿದ್ದರೆ ಅದನ್ನೂ ಸೇರಿಸುತ್ತಿದ್ದನೇನೋ.

ತಾತ ಒಪ್ಪಲಿಲ್ಲ. “ಇರೋರು ನಾವಿಬ್ಬರು, ಒಂದು ಕೆ.ಜಿ. ತಗೊಂಡು ಏನ್ಮಾಡೋದು? ಘಮ ಎಲ್ಲಾ ಹೋಗಿಬಿಡುತ್ತೆ!”

ಇಷ್ಟೆಲ್ಲ ಹಠ ಪುಡಿಯ ಮೇಲೆ. ತಾತನ ಲೋಟಕ್ಕೆ ಇಳಿಯುವುದು ಡಿಕಾಕ್ಷನ್ನು, ಅಲ್ಲಿಯ ಲೆಕ್ಕವೇ ಬೇರೆ. ನೂರು ಗ್ರಾಂ ಹುರಿದ ಕಾಫಿ ಬಿಸಿನೀರಿಗೆ ಬಿಟ್ಟುಕೊಡುವುದು ಹೆಚ್ಚುಕಡಿಮೆ 30 ಗ್ರಾಂ. ಚಿಕೋರಿ ಧಾರಾಳಿ, ಏನಿಲ್ಲವೆಂದರೂ ಅದರ ಎರಡರಷ್ಟು ಬಿಡುತ್ತದೆ. ಹಾಗಾಗಿ ನೂರು ಗ್ರಾಂ ಎಯ್ಟಿ-ಟ್ವೆಂಟಿಯಿಂದ ಕರಗಿ ಇಳಿಯುವುದು ಕಾಫಿಯದು 24, ಚಿಕೋರಿಯದು 12. ಕವರಿನ ಮೇಲಿನ ಇಪ್ಪತ್ತು ಫಿಲ್ಟರಿನ ಕೆಳಗಿನ ಬಟ್ಟಲಿಗೆ ಬರುವಾಗ ಮೂವತ್ಮೂರಾಗಿರುತ್ತದೆ. ಡಿಕಾಕ್ಷನ್ನಿನ ಆ ಕಡುಗಪ್ಪಿನಲ್ಲಿ, ಆ ಮಂದದಲ್ಲಿ ಚಿಕೋರಿಯ ಪಾಲು ದೊಡ್ಡದು. ಇದನ್ನು ಅಲ್ಲಿ ಬಾಯಿಬಿಟ್ಟು ಹೇಳುವ ಧೈರ್ಯ ನನಗಾಗಲಿಲ್ಲ.

ಕೊನೆಗೆ ಕಾಲು ಕೆ.ಜಿ. ಪ್ಯೂರಿಗೆ ರಾಜಿಯಾಯಿತು. ಎರಡನ್ನೂ ದೊಡ್ಡ ತಟ್ಟೆಗೆ ಸುರಿದು, ಕೈಯಾಡಿಸಿ, ಹುಡುಗ ಹೊಸ ಕವರಿಗೆ ತುಂಬಿದ. ಬಾಯಿ ಮಡಚಿ ಪಿನ್ನು ಹೊಡೆದ. ಬೆರಕೆಯ ಪ್ರಮಾಣ ಬರೆಯಲು ಸ್ಕೆಚ್ ಪೆನ್ನು ಎತ್ತಿದವನು ಹಾಗೇ ನಿಂತ.

“ಏನಂತ ಬರೀಲಿ?”

ಮೊಮ್ಮಗಳು ಬಿಲ್ಲು ತಿರುಗಿಸಿ 200ನ್ನು 750ರಿಂದ ಭಾಗಿಸಿದಳು.

“ಎಪ್ಪತ್ಮೂರು-ಇಪ್ಪತ್ತೇಳು.”

ಹುಡುಗ ಯಜಮಾನರ ಮುಖ ನೋಡಿದ.