ಸೈಕಲ್ ಮೇಲೆ ಹಳೆಯ ಪೇಟೆಗಳ ದರ್ಶನ: ಬ್ರೂಜ್, ಹಂಪಿ ಮತ್ತು ಅಗಡಿಯ ಹಾದಿ

ಬೆಲ್ಜಿಯಂ ದೇಶದ ಬ್ರೂಜ್ ನಗರವನ್ನು ನೋಡಲು ಬರುವವರು ಕಾಲುವೆಯ ದೋಣಿಯಲ್ಲಿ ಕುಳಿತುಕೊಳ್ಳಬಹುದು. ಕುದುರೆ ಸಾರೋಟನ್ನೂ ಏರಬಹುದು. ಇವೆರಡನ್ನೂ ಬಿಟ್ಟು ಸೈಕಲ್ ಹಿಡಿಯುವವರೂ ಅಲ್ಲಿ ಕಡಿಮೆಯಿಲ್ಲ. ಸಣ್ಣ ಗುಂಪು, ಮುಂದೆ ಒಬ್ಬ ಮಾರ್ಗದರ್ಶಿ, ಎರಡು ಮೂರು ತಾಸಿನ ಸವಾರಿ. ನೋಡತಕ್ಕ ಸ್ಥಳ ಬಂದಾಗ ಆತ ಕೈ ಎತ್ತುತ್ತಾನೆ, ಗುಂಪು ನಿಲ್ಲುತ್ತದೆ, ಕಥೆ ಹೇಳಿ ಮುಗಿದ ಮೇಲೆ ಮತ್ತೆ ಪೆಡಲ್ ತುಳಿತ. ಏಕಮುಖ ಸಂಚಾರದ ಎಷ್ಟೋ ಬೀದಿಗಳಲ್ಲಿ ಸೈಕಲಿಗೆ ಮಾತ್ರ ಎರಡೂ ದಿಕ್ಕಿನಲ್ಲಿ ಹೋಗಲು ಅನುಮತಿ ಇರುವುದರಿಂದ ಮೋಟಾರು ನುಗ್ಗಲಾರದ ಓಣಿಗಳೂ ಈ ಪ್ರವಾಸಿಗೆ ತೆರೆದಿರುತ್ತವೆ.

ಬ್ರೂಜ್ ಮೂಲತಃ ವರ್ತಕರ ಊರು. ಇಂಗ್ಲೆಂಡಿನ ಉಣ್ಣೆ ಇಲ್ಲಿಗೆ ಬಂದು ಬಟ್ಟೆಯಾಗಿ ಹೊರಡುತ್ತಿತ್ತು. ಪೇಟೆ ಚೌಕದಲ್ಲಿ ನಿಂತಿರುವ 83 ಮೀಟರ್ ಎತ್ತರದ ಗಂಟೆ ಗೋಪುರದ ಬುಡದಲ್ಲಿರುವುದು ಬಟ್ಟೆ ವ್ಯಾಪಾರದ ಮಳಿಗೆಯೇ. ವಾನ್ ಡೆರ್ ಬ್ಯೂರ್ಸ್ ಎಂಬ ಮನೆತನದವರು ನಡೆಸುತ್ತಿದ್ದ ವಸತಿಗೃಹದ ಮುಂದೆ ಪರದೇಶದ ವರ್ತಕರು ಸೇರಿ ಹುಂಡಿ, ನಾಣ್ಯಗಳ ವ್ಯವಹಾರ ಮಾಡುತ್ತಿದ್ದರು. ಯುರೋಪಿನ ಅನೇಕ ಭಾಷೆಗಳಲ್ಲಿ ಷೇರು ಪೇಟೆಗೆ ಇರುವ ‘ಬೋರ್ಸ್’ ಎಂಬ ಹೆಸರು ಆ ಮನೆತನದಿಂದಲೇ ಬಂತೆಂದು ಹೇಳಲಾಗುತ್ತದೆ. ಸಮುದ್ರದಿಂದ ಊರಿಗೆ ಹಡಗುಗಳನ್ನು ತರುತ್ತಿದ್ದ ಜ್ವಿನ್ ಹಿನ್ನೀರಿನಲ್ಲಿ ಹೂಳು ತುಂಬಿದಾಗ ವ್ಯಾಪಾರ ಆಂಟ್‌ವರ್ಪ್ ನಗರಕ್ಕೆ ಸರಿಯಿತು, ಬ್ರೂಜ್ ಬಡವಾಯಿತು. ಆ ಬಡತನದಿಂದಾಗಿಯೇ ಹಳೆಯ ಮನೆಗಳನ್ನು ಕೆಡವಿ ಹೊಸದು ಕಟ್ಟುವವರು ಕಡಿಮೆಯಾದರು. ಉಳಿದುಕೊಂಡ ಊರನ್ನು 2000ನೆಯ ಇಸವಿಯಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ನಗರದಿಂದ ಸುಮಾರು 7 ಕಿ.ಮೀ. ದೂರದ ಹಳೆಯ ರೇವುಪಟ್ಟಣ ಡಮ್ಮೆಗೆ ಕಾಲುವೆಯ ದಂಡೆಯಲ್ಲಿ, ಪೋಪ್ಲರ್ ಮರಗಳ ಸಾಲಿನ ನಡುವೆ ಸೈಕಲ್ ಮೇಲೆ ಹೋಗುವುದು ಈಗ ಅಲ್ಲಿನ ಪ್ರಸಿದ್ಧ ಸವಾರಿ. ದಿವಾಳಿಯಾದ ಬಂದರಿನ ಕಥೆಯೂ ಹೀಗೆ ಮಾರಾಟದ ಸರಕಾಗಿದೆ.

ಇಂಥದೇ ಮತ್ತೊಂದು ವರ್ತಕ ನಗರ ಹಾವೇರಿಯ ವ್ಯಾಪಾರಿಗಳಿಗೆ ಗದಗ, ಕೊಪ್ಪಳ ಮಾರ್ಗವಾಗಿ ಅರ್ಧ ದಿನದ ಹಾದಿಯಲ್ಲಿಯೇ ಇದೆ. ಹಂಪಿಯಲ್ಲಿಯೂ ಮಾರ್ಗದರ್ಶಿಯೊಡನೆ ಸೈಕಲ್ ಸವಾರಿ ಮಾಡುವ ರೂಢಿ ಬಹು ದಿನಗಳಿಂದ ನಡೆದುಬಂದಿದೆ.

ಬಜಾರುಗಳ ನಗರ

ಹಂಪಿಗೆ 1986ರಲ್ಲಿ ವಿಶ್ವ ಪರಂಪರೆಯ ಸ್ಥಾನ ದೊರೆಯಿತು. ಆ ಪಟ್ಟಿಯಲ್ಲಿ ಸೇರಿದ ಕ್ಷೇತ್ರದ ವಿಸ್ತಾರ ಸುಮಾರು 42 ಚದರ ಕಿ.ಮೀ.; ಅದರಲ್ಲಿ 1600ಕ್ಕೂ ಹೆಚ್ಚು ಅವಶೇಷಗಳಿವೆ. ನಡೆದು ನೋಡಲು ಇದು ಬಹಳ ದೊಡ್ಡದು. ಮೋಟಾರಿನಲ್ಲಿ ಹೋದರೆ ನೋಡುವ ಮುನ್ನವೇ ದಾಟಿಹೋಗುತ್ತದೆ. ಸೈಕಲಿನ ವೇಗ ಈ ಊರಿಗೆ ಹೇಳಿ ಮಾಡಿಸಿದಂತಿದೆ.

ಸವಾರಿ ಸಾಮಾನ್ಯವಾಗಿ ಬಿಸಿಲೇರುವ ಮುನ್ನ ವಿರೂಪಾಕ್ಷ ದೇವಾಲಯದ ಕಡೆಯಿಂದ ಹೊರಡುತ್ತದೆ. ಗೋಪುರದ ಎದುರಿಗೆ ಸುಮಾರು ಮುಕ್ಕಾಲು ಕಿ.ಮೀ. ಉದ್ದಕ್ಕೆ ಚಾಚಿದ ರಥಬೀದಿಯ ಎರಡೂ ಬದಿಗೆ ಕಲ್ಲುಕಂಬದ ಸಾಲು ಮಂಟಪಗಳು. ಹೇಮಕೂಟದ ಬದಿಯ ಏರು ಹತ್ತಿದರೆ ಕೃಷ್ಣ ದೇವಾಲಯ. ಉದಯಗಿರಿಯನ್ನು ಗೆದ್ದ ಕೃಷ್ಣದೇವರಾಯನು ಅಲ್ಲಿಂದ ತಂದ ಬಾಲಕೃಷ್ಣನ ವಿಗ್ರಹವನ್ನು 1515ರಲ್ಲಿ ಇಲ್ಲಿ ಪ್ರತಿಷ್ಠಾಪಿಸಿದನು. ಅದರ ಮುಂದೆಯೂ ಒಂದು ಬಜಾರು. ಅಚ್ಯುತರಾಯನ ಗುಡಿಯ ಮುಂದೆ ಇನ್ನೊಂದು, ವಿಠ್ಠಲ ದೇವಾಲಯದ ಮುಂದೆ ಒಂದು ಕಿ.ಮೀ.ಗೆ ಸಮೀಪದ ಮತ್ತೊಂದು. ದೊಡ್ಡ ಗುಡಿ ಕಟ್ಟಿಸಿದಲ್ಲೆಲ್ಲ ಎದುರಿಗೆ ಪೇಟೆ ಬೀದಿಯನ್ನೂ ಹಾಕಿಸುವುದು ಆ ಕಾಲದ ಅರಸರ ಲೆಕ್ಕಾಚಾರವಾಗಿತ್ತು.

ಅಡಿಕೆ ವ್ಯಾಪಾರಿಗಳು ವಿಶೇಷವಾಗಿ ನೋಡಬೇಕಾದ ಸ್ಥಳ ರಾಜಾಂಗಣದ ಹತ್ತಿರವಿದೆ. ಅಲ್ಲಿನ ಪಾರ್ಶ್ವನಾಥ ಬಸದಿಯ 1426ರ ಶಾಸನವು, ಎರಡನೆಯ ದೇವರಾಯನು ಆ ಬಸದಿಯನ್ನು ಎಲೆ ಅಡಿಕೆಯ ಅಂಗಡಿ ಬೀದಿಯಲ್ಲಿ ಕಟ್ಟಿಸಿದನೆಂದು ತಿಳಿಸುತ್ತದೆ. ಆರುನೂರು ವರ್ಷಗಳ ಹಿಂದೆ ಎಲೆ ಅಡಿಕೆಗೆಂದೇ ಹೆಸರಾದ ಬೀದಿ! 1443ರಲ್ಲಿ ಬಂದ ಪಾರಸೀಕ ರಾಯಭಾರಿ ಅಬ್ದುರ್ ರಜಾಕನು ಇಲ್ಲಿನ ಜನಕ್ಕೆ ಗುಲಾಬಿಯು ಅನ್ನದಷ್ಟೇ ಅವಶ್ಯವೆಂದೂ, ರತ್ನಪಡಿ ವ್ಯಾಪಾರಿಗಳು ಮಾಣಿಕ್ಯ ಮುತ್ತುಗಳನ್ನು ಬಹಿರಂಗವಾಗಿಯೇ ಮಾರುತ್ತಾರೆಂದೂ ಬರೆದಿದ್ದಾನೆ. 1520ರ ಸುಮಾರಿಗೆ ಬಂದ ಪೋರ್ತುಗೀಜ ಕುದುರೆ ವರ್ತಕರ ಜೊತೆಗಾರ ಡೊಮಿಂಗೊ ಪಾಯಿಸನು ಈ ನಗರವನ್ನು ರೋಮ್ ನಗರಕ್ಕೆ ಸಮವೆಂದನು. ಪ್ರತಿದಿನ ಊರಿನ ಒಂದಲ್ಲ ಒಂದು ಭಾಗದಲ್ಲಿ ಸಂತೆ ಸೇರುತ್ತಿತ್ತೆಂದೂ, ಸಂಜೆಯ ಸಂತೆಯಲ್ಲಿ ಸಾಧಾರಣ ತಟ್ಟುಗಳಿಂದ ಹಿಡಿದು ನಿಂಬೆ, ಕಿತ್ತಳೆ, ದ್ರಾಕ್ಷಿ, ಕಟ್ಟಿಗೆಯವರೆಗೆ ಎಲ್ಲವೂ ಮಾರಾಟವಾಗುತ್ತಿತ್ತೆಂದೂ ಹೇಳಿದನು. 1565ರ ಜನವರಿಯ ಯುದ್ಧದ ನಂತರ ಇದೆಲ್ಲ ಸುಟ್ಟು ಹಾಳಾಯಿತು. ಬ್ರೂಜ್ ಹೂಳಿನಿಂದ ಸೋತಿತು, ಇದು ಬೆಂಕಿಯಿಂದ.

ಬಲ್ಲ ಮಾರ್ಗದರ್ಶಿ ಇಲ್ಲದಿದ್ದರೆ ಮೇಲಿನ ಬೀದಿಗಳು ಬರಿಯ ಕಲ್ಲಿನ ಸಾಲು. ಪ್ರವಾಸಿಗರು ಹಣ ಕೊಡುವುದು ಆ ಮಾತಿಗಾಗಿಯೇ ಹೊರತು ಸೈಕಲಿಗಲ್ಲ. ಮೈಸೂರಿನಲ್ಲಿ 2017ರ ಜೂನ್ ತಿಂಗಳಲ್ಲಿ ಆರಂಭವಾದ ‘ಟ್ರಿಣ್ ಟ್ರಿಣ್’ ಯೋಜನೆಯು ನಿಲ್ದಾಣಗಳಲ್ಲಿ ಸೈಕಲ್ ಒದಗಿಸಿತು. ಊರಿನ ಜನರ ಓಡಾಟಕ್ಕೆ ಅದು ಉಪಯುಕ್ತ. ಆದರೆ ಅರಮನೆಯ ಬೀದಿಯ ಕಥೆಯನ್ನು ಸೈಕಲ್ ತಾನಾಗಿ ಹೇಳುವುದಿಲ್ಲ.

ಗಿರಾಕಿ ನಿಲ್ಲುವ ವ್ಯಾಪಾರ

ಬಸ್ಸಿನಲ್ಲಿ ಬರುವ ಪ್ರವಾಸಿಯು ವಾಹನ ನಿಲ್ಲಿಸಲು ಜಾಗ ಇದ್ದಲ್ಲಿ ಮಾತ್ರ ಇಳಿಯುತ್ತಾನೆ. ವಿರೂಪಾಕ್ಷ, ಕಮಲ ಮಹಲ್, ವಿಠ್ಠಲ. ಮೂರು ನಿಲುಗಡೆಯಲ್ಲಿ ಹಂಪಿ ಮುಗಿದು, ಸಂಜೆಯೊಳಗೆ ಬಸ್ಸು ಹೊಸಪೇಟೆ ದಾಟಿರುತ್ತದೆ. ಸೈಕಲ್ ಸವಾರನ ರೀತಿ ಬೇರೆ. ಅವನಿಗೆ ಬಾಯಾರುತ್ತದೆ, ಎಳನೀರಿನವನ ಮುಂದೆ ನಿಲ್ಲುತ್ತಾನೆ. ಕಮಲಾಪುರದ ಬಾಳೆ ತೋಟದ ಬಳಿ ಹಣ್ಣು ಕೊಳ್ಳುತ್ತಾನೆ, ಚಹದಂಗಡಿಯ ಬೆಂಚಿನ ಮೇಲೆ ಕುಳಿತು ಮಿರ್ಚಿ ಭಜಿ ತಿನ್ನುತ್ತಾನೆ. ಎಲ್ಲಕ್ಕಿಂತ ಮುಖ್ಯವಾಗಿ, ಒಂದು ದಿನದಲ್ಲಿ ಅವನ ಸುತ್ತಾಟ ಮುಗಿಯುವುದಿಲ್ಲ, ರಾತ್ರಿ ಉಳಿಯಲೇಬೇಕು. ಒಂದು ರಾತ್ರಿಯ ವಸತಿ ಎಂದರೆ ಎರಡು ಹೊತ್ತಿನ ಊಟ, ಅಗಸನ ಕೆಲಸ, ಮರುದಿನದ ಮಾರ್ಗದರ್ಶಿಯ ಸಂಬಳ ಎಂದು ಯಾವ ವರ್ತಕನಿಗೂ ಬಿಡಿಸಿ ಹೇಳಬೇಕಾಗಿಲ್ಲ.

ಎರಡನೆಯ ದಿನ ಹೊಳೆ ದಾಟುವ ದಿನ. ತಳವಾರಘಟ್ಟದಲ್ಲಿ ಸೈಕಲ್ ಸಹಿತ ದೋಣಿ ಏರಿದರೆ ಆಚೆ ದಡದಲ್ಲಿ ಕೊಪ್ಪಳ ಜಿಲ್ಲೆಯ ಆನೆಗುಂದಿ. ಅಲ್ಲಿ ಕಿಷ್ಕಿಂದಾ ಟ್ರಸ್ಟ್ ಬಾಳೆ ನಾರಿನಿಂದ ಚೀಲ, ಚಾಪೆ ಮುಂತಾದವನ್ನು ತಯಾರಿಸುವ ಕೆಲಸವನ್ನು ಗ್ರಾಮದ ಮಹಿಳೆಯರಿಗೆ ಕಲಿಸಿದೆ. ಗೊನೆ ಕಡಿದ ಮೇಲೆ ಹೊಲದಲ್ಲಿ ಕೊಳೆಯುತ್ತಿದ್ದ ಬಾಳೆಯ ದಿಂಡು ಹೀಗೆ ಸರಕಾದದ್ದನ್ನು ಸಣ್ಣ ಕೈಗಾರಿಕೆಯವರು ಹೋಗಿ ನೋಡುವುದು ಒಳ್ಳೆಯದು. ಆನೆಗುಂದಿಗೆ ಕಟ್ಟುತ್ತಿದ್ದ ಸೇತುವೆಯು 2009ರ ಜನವರಿಯಲ್ಲಿ ಕುಸಿದು ಕಾರ್ಮಿಕರು ಪ್ರಾಣ ಕಳೆದುಕೊಂಡರು. ಮುಂದೆ ಬುಕ್ಕಸಾಗರ ಮತ್ತು ಕಡೆಬಾಗಿಲು ನಡುವೆ ಸೇತುವೆಯಾಯಿತು. ಆದರೂ ಸವಾರರಿಗೆ ದೋಣಿಯೇ ಇಷ್ಟ.

ಬಂಡವಾಳದ ದೃಷ್ಟಿಯಿಂದ ಇದು ಸಣ್ಣ ಉದ್ಯಮ. ಹತ್ತು ಹನ್ನೆರಡು ಗಟ್ಟಿ ಸೈಕಲ್, ಎರಡು ಹೆಚ್ಚಿನವು, ಪಂಪು, ಪಾನಾ, ಟ್ಯೂಬು, ಸೊಲ್ಯೂಷನ್. ಹಂಪಿಯ ಹಾದಿಬದಿಯ ಜಾಲಿ ಮುಳ್ಳು ಟೈರಿಗೆ ದೊಡ್ಡ ವೈರಿ. ಪಂಕ್ಚರ್ ತಿದ್ದಬಲ್ಲ ಹುಡುಗನೊಬ್ಬ ಗುಂಪಿನ ಹಿಂದೆ ಬರಬೇಕು. ಸೀಟಿನ ಎತ್ತರ ಪ್ರತಿಯೊಬ್ಬ ಸವಾರನಿಗೂ ಬೇರೆ. ಸರಿಪಡಿಸದೆ ಕಳಿಸಿದರೆ ಮೊದಲ ಏರಿನಲ್ಲಿಯೇ ಮೊಣಕಾಲು ನೋವು, ಎರಡನೆಯ ದಿನದ ಸವಾರಿ ರದ್ದು. ಅಕ್ಟೋಬರಿನಿಂದ ಫೆಬ್ರುವರಿಯವರೆಗೆ ಹಂಗಾಮು. ಅದರಾಚೆ ಬಂಡೆಗಳು ಕಾದು ಹಂಚಾಗುತ್ತವೆ. ಉಳಿದ ತಿಂಗಳುಗಳಿಗೆ ಬೇರೆ ಉತ್ಪನ್ನವಿಲ್ಲದವನು ಇದನ್ನೇ ನೆಚ್ಚಿ ಸಾಲ ಮಾಡಬಾರದು.

ನೆಲೆಯ ಪ್ರಶ್ನೆ

ಹಂಪಿಯ ಅನುಭವದಲ್ಲಿ ವರ್ತಕರು ಗಮನಿಸಬೇಕಾದ ಕಹಿ ಅಧ್ಯಾಯವೂ ಇದೆ. ವಿರೂಪಾಕ್ಷ ಬಜಾರಿನ ಪ್ರಾಚೀನ ಮಂಟಪಗಳಲ್ಲಿಯೂ ಅವುಗಳ ಅಕ್ಕಪಕ್ಕದಲ್ಲಿಯೂ ಮನೆ, ಹೋಟೆಲು, ಅಂಗಡಿಗಳು ವರ್ಷಗಳಿಂದ ಬೆಳೆದಿದ್ದವು. 2011ರ ಜುಲೈ ಕೊನೆಯಲ್ಲಿ ಅವನ್ನು ತೆರವುಗೊಳಿಸಲಾಯಿತು. ಕುಟುಂಬಗಳಿಗೆ ಕಡ್ಡಿರಾಂಪುರದಲ್ಲಿ ಪುನರ್ವಸತಿ ಸೂಚಿಸಲಾಯಿತು. ಹೊಳೆಯಾಚೆಯ ವಿರೂಪಾಪುರ ಗಡ್ಡೆಯಲ್ಲಿ ವಿದೇಶಿ ಪ್ರವಾಸಿಗರನ್ನೇ ನಂಬಿ ವಸತಿಗೃಹಗಳೂ, ಅವುಗಳೊಂದಿಗೆ ಸೈಕಲ್, ಮೊಪೆಡ್ ಬಾಡಿಗೆಯೂ ನಡೆದಿದ್ದವು. 2020ರ ಫೆಬ್ರುವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಅಲ್ಲಿನ ಕಟ್ಟಡಗಳು ಅನಧಿಕೃತವೆಂದು ಎತ್ತಿಹಿಡಿದ ಬಳಿಕ ಮಾರ್ಚ್ ಮೊದಲ ವಾರದಲ್ಲಿ ಜೆಸಿಬಿ ಯಂತ್ರಗಳು ಅವನ್ನು ನೆಲಸಮ ಮಾಡಿದವು. ಅದೇ ತಿಂಗಳು ಕೋವಿಡ್ ದಿಗ್ಬಂಧನವೂ ಬಂತು.

ಸ್ಮಾರಕಗಳನ್ನು ರಕ್ಷಿಸಬೇಕೆಂಬ ಕಾನೂನು ತಪ್ಪಲ್ಲ. ಶಾಸನಬದ್ಧ ಕಂಬಕ್ಕೆ ಮೊಳೆ ಹೊಡೆದು ಪರದೆ ಕಟ್ಟಿದ ಅಂಗಡಿಯನ್ನು ಯಾರೂ ಸಮರ್ಥಿಸಲಾಗದು. ಆದರೆ ವ್ಯಾಪಾರಕ್ಕೆ ಅಧಿಕೃತ ಸ್ಥಳವನ್ನು ಮೊದಲು ಕೊಟ್ಟು, ತೆರವನ್ನು ಆಮೇಲೆ ಮಾಡುವ ಕ್ರಮ ಪಾಲನೆಯಾಗಿದ್ದರೆ ಅನೇಕರ ಹತ್ತಾರು ವರ್ಷಗಳ ದುಡಿಮೆ ಉಳಿಯುತ್ತಿತ್ತು. ಬ್ರೂಜ್‌ನಲ್ಲಿ ಹಳೆಯ ಮನೆಯ ನೆಲ ಅಂತಸ್ತಿನಲ್ಲಿಯೇ ಅಂಗಡಿ ಇಡಬಹುದು. ಏಕೆಂದರೆ ಆ ಮನೆ ಇಂದಿಗೂ ಯಾರದೋ ಸ್ವತ್ತು. ಹಂಪಿಯ ಮಂಟಪ ರಾಷ್ಟ್ರದ ಸ್ವತ್ತು. ಈ ಭೇದವನ್ನು ತಿಳಿಯದೆ ಯುರೋಪಿನ ಮಾದರಿಯನ್ನು ತಂದು ನೆಟ್ಟರೆ ಗಿಡ ಹಿಡಿಯುವುದಿಲ್ಲ. ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ ವಲಯ, ಅದರಾಚೆ 200 ಮೀಟರ್ ನಿಯಂತ್ರಿತ ವಲಯವೆಂದು 2010ರಲ್ಲಿ ತಿದ್ದುಪಡಿಯಾದ ಕೇಂದ್ರದ ಕಾಯ್ದೆ ಹೇಳುತ್ತದೆ. ಸೈಕಲ್ ಕೊಳ್ಳುವ ಮೊದಲು ಶೆಡ್ ಹಾಕುವ ಜಾಗದ ಉತಾರವನ್ನೂ ಈ ಅಳತೆಯನ್ನೂ ನೋಡುವುದು ಲೇಸು.

ಅಗಡಿಯಿಂದ ಹೊಳೆಯವರೆಗೆ

ಹಾವೇರಿ ಜಿಲ್ಲೆಯಲ್ಲಿ ಹಂಪಿಯಂಥ ನಗರವಿಲ್ಲ. ಆದರೆ ಒಂದು ಹಾದಿ ಇದೆ. ಹಾವೇರಿಯ ಸಿದ್ಧೇಶ್ವರ ದೇವಾಲಯದಿಂದ ಹೊರಟು ಅಗಡಿ, ಗುತ್ತಲ ಮೂಲಕ ತುಂಗಭದ್ರೆಯ ದಂಡೆ ಸೇರುವ ಹಾದಿ. ಅಗಡಿಯ ಆನಂದವನವು ಶೇಷಾಚಲ ಸದ್ಗುರುಗಳ ಸ್ಥಾನ. ಕಾದಂಬರಿಕಾರ ಗಳಗನಾಥರು ‘ಸದ್ಬೋಧ ಚಂದ್ರಿಕೆ’ ಮಾಸಪತ್ರಿಕೆಯನ್ನು ನಡೆಸಿದ್ದು ಈ ಹಳ್ಳಿಯಲ್ಲಿ. ತಮ್ಮ ಪುಸ್ತಕಗಳನ್ನು ತಾವೇ ಹೊತ್ತು ಊರೂರು ನಡೆದು ಮಾರಿದ ಅವರನ್ನು ಸಾಹಿತಿಗಳು ನೆನೆಯುತ್ತಾರೆ, ವರ್ತಕರೂ ನೆನೆಯಬಹುದು. ಅಂಗಡಿಯಿಲ್ಲದ ಕಾಲದಲ್ಲಿ ಗಿರಾಕಿಯ ಮನೆಬಾಗಿಲಿಗೆ ಸರಕು ಒಯ್ದವರು ಅವರು.

ಗುತ್ತಲವು ಗುತ್ತ ಅರಸರ ಗುತ್ತವೊಳಲು, ಒಂದು ಕಾಲದ ರಾಜಧಾನಿ. ಅಲ್ಲಿಂದ ಮುಂದೆ ಹೊಳೆಯ ದಂಡೆಯಲ್ಲಿ ಚೌಡಯ್ಯದಾನಪುರದ ಮುಕ್ತೇಶ್ವರ, ವರದಾ ತುಂಗಭದ್ರೆಯರ ಸಂಗಮದಲ್ಲಿ ಗಳಗನಾಥದ ಗಳಗೇಶ್ವರ. ಗಳಗನಾಥ ಹಾವೇರಿಗೆ ಸುಮಾರು 40 ಕಿ.ಮೀ. ದೂರವಾದ್ದರಿಂದ ಹೊಸಬರನ್ನು ಅಲ್ಲಿಯವರೆಗೆ ತುಳಿಸುವುದು ಸರಿಯಲ್ಲ. ಸೈಕಲ್‌ಗಳನ್ನು ಸಣ್ಣ ಸರಕು ವಾಹನದಲ್ಲಿ ಗುತ್ತಲಕ್ಕೆ ಸಾಗಿಸಿ, ಅಲ್ಲಿಂದ ಹೊಳೆಯ ಕಡೆಗಿನ ಸವಾರಿಯನ್ನಷ್ಟೇ ಮಾಡಿಸಬಹುದು. ಊಟಕ್ಕೆ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಎಣ್ಣೆಗಾಯಿ ಹಳ್ಳಿಯ ಮನೆಗಳಲ್ಲಿಯೇ ಸಿಗುತ್ತವೆ. ಅದಕ್ಕೆ ಹೋಟೆಲು ಬೇಡ. ಬಂಕಾಪುರದ ಕೋಟೆಯೂ ಅದರೊಳಗಿನ ನಗರೇಶ್ವರ ಗುಡಿಯೂ ನೋಡತಕ್ಕವೇ ಆದರೂ ಹಾವೇರಿಯಿಂದ ಅಲ್ಲಿಗೆ ಹೋಗುವುದು ಲಾರಿಗಳ ಅಬ್ಬರದ ರಾಷ್ಟ್ರೀಯ ಹೆದ್ದಾರಿ. ಪಕ್ಕದ ಸೇವಾ ರಸ್ತೆ ಇರುವಷ್ಟು ದೂರ ಬಿಟ್ಟರೆ ಅಲ್ಲಿ ಸೈಕಲ್ ಗುಂಪನ್ನು ಕರೆದೊಯ್ಯುವವನಿಗೆ ಎದೆಗಾರಿಕೆಗಿಂತ ವಿವೇಕ ಕಡಿಮೆ ಎನ್ನಬೇಕು.

ಸೈಕಲ್ ಬಾಡಿಗೆ ಈ ಭಾಗಕ್ಕೆ ಹೊಸದೂ ಅಲ್ಲ. ತಾಸಿನ ಲೆಕ್ಕದಲ್ಲಿ ಸೈಕಲ್ ಕೊಡುವ ಅಂಗಡಿಗಳು ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಪೇಟೆಗಳಲ್ಲಿ ಒಂದು ತಲೆಮಾರಿನ ಹಿಂದೆ ಸಾಮಾನ್ಯವಾಗಿದ್ದವು. ಮೋಟಾರ್ ಸೈಕಲ್ ಮನೆಮನೆಗೆ ಬಂದ ಮೇಲೆ ಅವು ದುರಸ್ತಿ ಅಂಗಡಿಗಳಾಗಿ ಉಳಿದವು ಅಥವಾ ಮುಚ್ಚಿದವು. ಚಕ್ರದ ತಂತಿ ಬಿಗಿದು ಡೊಂಕು ತೆಗೆಯಬಲ್ಲ ಕೈಗಳು ಇನ್ನೂ ಕೆಲವು ಇವೆ. ಅವರ ಮಕ್ಕಳಿಗೆ ಆ ಕೆಲಸ ಬರುವುದಿಲ್ಲ.

ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆಯನ್ನು ಹಾದಿಗೆ ಜೋಡಿಸುವ ಆಲೋಚನೆ ಸಹಜವಾಗಿಯೇ ಬರುತ್ತದೆ. 2011ರಲ್ಲಿ ಭೌಗೋಳಿಕ ಸೂಚಿಯನ್ನು ಪಡೆದ ಬ್ಯಾಡಗಿ ಮೆಣಸಿನಕಾಯಿಯ ರಾಶಿಗಳು ಜನವರಿಯಿಂದ ಮಾರ್ಚ್‌ವರೆಗೆ ಪ್ರಾಂಗಣದ ತುಂಬ ಕೆಂಪಾಗಿ ಹರಡಿರುತ್ತವೆ. ಸವಾರಿಯ ಹಂಗಾಮಿನ ಕೊನೆಯ ಭಾಗವೂ ಅದೇ. ವಹಿವಾಟಿನ ದಿನಗಳು ಸೋಮವಾರ ಮತ್ತು ಗುರುವಾರ. ಆ ದಿನಗಳಲ್ಲಿ ಚೀಲ ಹೊತ್ತ ಹಮಾಲರ ನಡುವೆ ಪ್ರವಾಸಿಗರ ಗುಂಪು ನಿಂತರೆ ಕೆಲಸ ಕೆಡುತ್ತದೆ, ದಲಾಲರೂ ಒಪ್ಪಲಾರರು. ಮುನ್ನಾದಿನ ಸಂಜೆ, ರೈತರು ಗಾಡಿ ತಂದು ಚೀಲ ಇಳಿಸುವ ಹೊತ್ತು ಅನುಕೂಲ. ಎಪಿಎಂಸಿಯಿಂದ ಮೊದಲೇ ಅನುಮತಿ ಪಡೆದು, ಪ್ರಾಂಗಣದ ಹೊರಗೆ ಸೈಕಲ್ ನಿಲ್ಲಿಸಿ, ಪ್ರತಿಯೊಬ್ಬರಿಗೂ ಮೂಗಿಗೆ ಕಟ್ಟಿಕೊಳ್ಳಲು ಒಂದು ಒದ್ದೆ ಕರವಸ್ತ್ರ ಕೊಡಬೇಕು.