ಅಧ್ಯಕ್ಷರಿಲ್ಲದ ಆರು ವರ್ಷ

2011ರ ಜೂನ್ 30ರಂದು ದೆಹಲಿಯ ಸೈಬರ್ ಮೇಲ್ಮನವಿ ನ್ಯಾಯಮಂಡಳಿಯ ಅಧ್ಯಕ್ಷ ನ್ಯಾಯಮೂರ್ತಿ ರಾಜೇಶ್ ಟಂಡನ್ ನಿವೃತ್ತರಾದರು. ಅವರ ಜಾಗಕ್ಕೆ ಯಾರೂ ಬರಲಿಲ್ಲ. ಆ ವರ್ಷ ಬರಲಿಲ್ಲ, ಮರುವರ್ಷ ಬರಲಿಲ್ಲ, ಅದರ ಮರುವರ್ಷವೂ ಬರಲಿಲ್ಲ. ಮೇಲ್ಮನವಿಗಳು ಮಾತ್ರ ಬರುತ್ತಲೇ ಇದ್ದವು. ಕೊನೆಗೆ 2017ರಲ್ಲಿ ಸರ್ಕಾರ ಆ ಮಂಡಳಿಯನ್ನೇ ಎತ್ತಿ ದೂರಸಂಪರ್ಕ ವ್ಯಾಜ್ಯಗಳನ್ನು ನೋಡುವ ಟಿಡಿಸ್ಯಾಟ್‌ಗೆ ಸೇರಿಸಿ ಕೈತೊಳೆದುಕೊಂಡಿತು.

ದೆಹಲಿಯ ಕುರ್ಚಿ ಖಾಲಿ ಇದ್ದರೆ ಮಲೆನಾಡಿನ ಕೊಪ್ಪದವರಿಗೇನು ಎಂದು ಕೇಳಬಹುದು. ಕೊಪ್ಪ, ಶೃಂಗೇರಿ, ನರಸಿಂಹರಾಜಪುರದ ಕಡೆ ಮಗನೋ ಮಗಳೋ ಸೊಸೆಯೋ ಬೆಂಗಳೂರಿನ ಕಂಪನಿಯಲ್ಲಿಲ್ಲದ ಮನೆ ಹುಡುಕುವುದು ಕಷ್ಟ. ಕೆಲಸಕ್ಕೆ ಸೇರಿದ ದಿನವೇ ಪ್ಯಾನ್, ಆಧಾರ್, ಬ್ಯಾಂಕ್ ಖಾತೆ ಎಲ್ಲವೂ ಎಚ್‌ಆರ್ ವಿಭಾಗದ ಕಂಪ್ಯೂಟರಿಗೆ ಹೋಗುತ್ತವೆ. ಗುಂಪು ಆರೋಗ್ಯ ವಿಮೆಗೆ ಅಪ್ಪ-ಅಮ್ಮನ ಹೆಸರು ಸೇರಿಸುವಾಗ ಅಪ್ಪನ ಶುಗರ್, ಅಮ್ಮನ ಮಂಡಿ ಆಪರೇಷನ್ನಿನ ವಿವರವೂ ಹೋಗುತ್ತದೆ. ಜಯಪುರದಲ್ಲಿ ತೋಟ ನೋಡಿಕೊಂಡು ಕೂತವರ ಕಾಯಿಲೆಯ ಲೆಕ್ಕ ಅವರು ಕಣ್ಣಲ್ಲೂ ಕಾಣದ ಸರ್ವರಿನಲ್ಲಿದೆ. ಅದು ಸೋರಿದರೆ ಕಂಪನಿ ಏನು ತೆರಬೇಕು? ಈ ಪ್ರಶ್ನೆಗೆ ನಮ್ಮ ದೇಶ ಕೊಟ್ಟ ಮೊದಲ ನೇರ ಉತ್ತರ ಮಾಹಿತಿ ತಂತ್ರಜ್ಞಾನ ಕಾಯ್ದೆಯ ಕಲಂ 43ಎ. ಅದು ಹುಟ್ಟಿದ ಬಗೆ ವಿಚಿತ್ರ, ಬದುಕಿದ ಬಗೆ ಇನ್ನೂ ವಿಚಿತ್ರ.

2000ನೇ ಇಸವಿಯ ಮೂಲ ಕಾಯ್ದೆಯಲ್ಲಿ ಈ ಕಲಂ ಇರಲಿಲ್ಲ. 2005ರಲ್ಲಿ ಬೆಂಗಳೂರು ಮೂಲದ ಎಂಫಸಿಸ್‌ನ ಪುಣೆ ಕಾಲ್‌ಸೆಂಟರಿನಲ್ಲಿ ಸಿಟಿಬ್ಯಾಂಕಿನ ಅಮೆರಿಕನ್ ಗ್ರಾಹಕರ ಹಣ ಲಪಟಾಯಿಸಿದ ಪ್ರಕರಣ ಹೊರಬಿತ್ತು. ಮರುವರ್ಷದ ಜೂನ್‌ನಲ್ಲಿ ಬೆಂಗಳೂರಿನಲ್ಲೇ ಎಚ್‌ಎಸ್‌ಬಿಸಿಯ ಕೇಂದ್ರದ ನೌಕರನೊಬ್ಬ ಸಿಕ್ಕಿಬಿದ್ದ. ಬ್ರಿಟನ್ನಿನ ಸುಮಾರು ಇಪ್ಪತ್ತು ಗ್ರಾಹಕರ ಖಾತೆಗಳಿಂದ 2,33,000 ಪೌಂಡ್ ಹೋಗಿತ್ತು ಎಂಬುದು ಆರೋಪ. ಲಂಡನ್ನಿನ ಪತ್ರಿಕೆಗಳು ಭಾರತದ ಕಾಲ್‌ಸೆಂಟರುಗಳನ್ನು ನಂಬಬೇಡಿ ಎಂದು ಹುಯಿಲೆಬ್ಬಿಸಿದವು. ಇಲ್ಲಿ ಸಾಫ್ಟ್‌ವೇರ್ ಉದ್ಯಮಕ್ಕೆ ನಡುಕ ಹುಟ್ಟಿತು. ವಿದೇಶಿ ಗಿರಾಕಿಗಳಿಗೆ ತೋರಿಸಲು ಒಂದು ಕಾನೂನು ಬೇಕು ಎಂಬ ಒತ್ತಡ ಜೋರಾಯಿತು. 2008ರ ತಿದ್ದುಪಡಿಯಲ್ಲಿ 43ಎ ಸೇರಿತು, 2009ರ ಅಕ್ಟೋಬರ್ 27ರಿಂದ ಜಾರಿಗೆ ಬಂತು.

ಗಮನಿಸಬೇಕಾದ ಸಂಗತಿ ಇದು: ಈ ಇಡೀ ಗಲಾಟೆಯಲ್ಲಿ ನೌಕರನಿಗೆ ಸಿಕ್ಕಿದ್ದು ಕಳ್ಳನ ಪಾತ್ರ ಮಾತ್ರ. ಸಾಫ್ಟ್‌ವೇರ್ ಉದ್ಯಮದ ಒಕ್ಕೂಟ ನಾಸ್ಕಾಂ 2006ರಲ್ಲಿ ನ್ಯಾಷನಲ್ ಸ್ಕಿಲ್ಸ್ ರಿಜಿಸ್ಟ್ರಿ ಎಂಬ ನೋಂದಣಿ ಶುರುಮಾಡಿತು. ಐಟಿ, ಬಿಪಿಒ ನೌಕರರ ಓದು, ಹಿಂದಿನ ಕೆಲಸ, ಫೋಟೊ, ಜೊತೆಗೆ ಬೆರಳಚ್ಚು ಒಂದೇ ಕಡೆ ಕೂಡಿಡುವ ಏರ್ಪಾಡು. ಗ್ರಾಹಕರ ಮಾಹಿತಿ ಕದ್ದದ್ದಕ್ಕೆ ಪರಿಹಾರವಾಗಿ ನೌಕರರ ಮಾಹಿತಿಯನ್ನು ರಾಶಿ ಹಾಕುವುದು! ಆ ರಾಶಿಯೇ ಕಳುವಾದರೆ ಎಂಬ ಯೋಚನೆ ಆಗ ಯಾರಿಗಾದರೂ ಬಂದಿದ್ದರೆ ಅದು ಸದ್ದಂತೂ ಮಾಡಲಿಲ್ಲ.

ದುಡಿಯುವವನನ್ನು ಅನುಮಾನದಿಂದ ನೋಡುವ ಈ ದೃಷ್ಟಿ ಮಲೆನಾಡಿನವರಿಗೆ ಹೊಸದಲ್ಲ. ಬ್ರಿಟಿಷರ ಕಾಲದ 1859ರ ಹದಿಮೂರನೇ ಕಾಯ್ದೆ ಮುಂಗಡ ಪಡೆದು ಕೆಲಸ ಬಿಟ್ಟುಹೋದ ಆಳನ್ನು ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಿ ಮೂರು ತಿಂಗಳವರೆಗೆ ಜೈಲಿಗೆ ಹಾಕಲು ಅವಕಾಶ ಕೊಟ್ಟಿತ್ತು. ದಕ್ಷಿಣದ ತೋಟಗಳ ಮಾಲೀಕರಿಗೆ ಅದು ಬಲು ಪ್ರಿಯವಾಗಿತ್ತು. ಮೇಸ್ತ್ರಿಯ ಪಟ್ಟಿ, ತೋಟದ ಗುಮಾಸ್ತ, ಅಂದರೆ ರೈಟರ್, ಬರೆಯುವ ಚೆಕ್‌ರೋಲ್ ಎಂಬ ಹಾಜರಿ ಪುಸ್ತಕ, ಊರು, ಅಪ್ಪನ ಹೆಸರು, ಪಡೆದ ಮುಂಗಡ, ಪಕ್ಕದಲ್ಲಿ ಹೆಬ್ಬೆಟ್ಟು: ಇದೆಲ್ಲ ಓಡಿಹೋದವನನ್ನು ಹುಡುಕುವುದಕ್ಕೂ ಒದಗುತ್ತಿತ್ತು. ಈಗ ಆ ಪುಸ್ತಕದ ಜಾಗಕ್ಕೆ ಮೊಬೈಲ್ ಬಂದಿದೆ. ಲೈನ್ ಮನೆಗೆ ಬಂದ ಅಸ್ಸಾಮಿನ ಕೆಲಸಗಾರರ ಆಧಾರ್ ಕಾರ್ಡನ್ನು ಕ್ಲಿಕ್ಕಿಸಿ ವಾಟ್ಸ್‌ಆ್ಯಪ್‌ನಲ್ಲಿ ಸಾಹುಕಾರರಿಗೆ ಕಳಿಸುತ್ತಾರೆ, ಅಲ್ಲಿಂದ ಅದು ಎಲ್ಲೆಲ್ಲಿಗೋ ಹೋಗುತ್ತದೆ. ಬಿಟ್ಟುಹೋದವರ ಕಾರ್ಡನ್ನು ಫೋನಿನಿಂದ ಅಳಿಸಿದ ರೈಟರನ್ನು ನಾನಂತೂ ಕಂಡಿಲ್ಲ.

43ಎಗೆ ಮರಳೋಣ. ಬರಹದಲ್ಲಿ ಅದು ಸೊಗಸಾಗಿದೆ. ಬ್ಯಾಂಕ್ ಖಾತೆ, ವೈದ್ಯಕೀಯ ದಾಖಲೆ, ಬೆರಳಚ್ಚು, ಪಾಸ್‌ವರ್ಡ್‌ನಂಥ ಸೂಕ್ಷ್ಮ ಮಾಹಿತಿ ಇಟ್ಟುಕೊಂಡ ಕಂಪನಿ ಉದಾಸೀನ ಮಾಡಿ, ಅದರಿಂದ ಯಾರಿಗಾದರೂ ನಷ್ಟವಾದರೆ ಪರಿಹಾರ ಕೊಡಬೇಕು. ಗ್ರಾಹಕ, ನೌಕರ ಎಂಬ ಭೇದವಿಲ್ಲ. ಗಿರಾಕಿಗಾಗಿ ತೋಡಿದ ಬಾವಿಯಲ್ಲಿ ನೌಕರನಿಗೂ ನೀರು ಸಿಕ್ಕಂತಾಯಿತು. ಐದು ಕೋಟಿ ರೂಪಾಯಿವರೆಗಿನ ದೂರನ್ನು ವಕೀಲರ ದಂಡಿಲ್ಲದೆ ನಿರ್ಣಯಾಧಿಕಾರಿಯಾದ ರಾಜ್ಯದ ಐಟಿ ಇಲಾಖೆಯ ಕಾರ್ಯದರ್ಶಿಯ ಮುಂದೆಯೇ ಇಡಬಹುದು. ಶೃಂಗೇರಿಯಿಂದ ರಾತ್ರಿ ಬಸ್ಸು ಹತ್ತಿದರೆ ಬೆಳಿಗ್ಗೆ ಬೆಂಗಳೂರು.

ಆದರೆ ಕರ್ನಾಟಕದಲ್ಲಿ ಆದದ್ದೇನು? ಗುಜರಾತ್ ಪೆಟ್ರೋಸಿಂಥಸಿಸ್ ಎಂಬ ಕಂಪನಿ ಆಕ್ಸಿಸ್ ಬ್ಯಾಂಕಿನ ವಿರುದ್ಧ ಇದೇ ಕಾಯ್ದೆಯ ಕಲಂ 43ರ ಅಡಿ ದೂರು ತಂದಿತ್ತು. ಇದು ಮಾಹಿತಿ ಸೋರಿಕೆಯದಲ್ಲ, ಆನ್‌ಲೈನಿನಲ್ಲಿ ಹಣ ಹೋದ ಜಗಳ. ಆದರೂ ಹೋಗುವ ದಾರಿ ಅದೇ. ಒಂದು ಕಂಪನಿ ಇನ್ನೊಂದರ ಮೇಲೆ ಈ ಕಲಮಿನಲ್ಲಿ ದೂರು ತರಲಾಗದು ಎಂದು ಇಲ್ಲಿನ ನಿರ್ಣಯಾಧಿಕಾರಿ ಕಡತ ಮುಚ್ಚಿದರು. ಐಟಿ ರಾಜಧಾನಿ ಎಂದು ಬೀಗುವ ರಾಜ್ಯದಲ್ಲಿ ಇಂಥ ಆದೇಶ! ಮೇಲ್ಮನವಿಗೆ ದೆಹಲಿಯ ಆ ನ್ಯಾಯಮಂಡಳಿಗೆ ಹೋಗೋಣವೆಂದರೆ ಅಲ್ಲಿ ಅಧ್ಯಕ್ಷರೇ ಇಲ್ಲ. ದೂರುದಾರರು ಕರ್ನಾಟಕ ಹೈಕೋರ್ಟಿಗೆ ಬಂದು ಬೇಡಿದ್ದು ಪರಿಹಾರವನ್ನಲ್ಲ, ಆ ಕುರ್ಚಿಗೆ ಒಬ್ಬರನ್ನು ನೇಮಿಸಿ ಎಂದು. ಬೇಗ ತುಂಬುತ್ತೇವೆ ಎಂದು ಸರ್ಕಾರ ಭರವಸೆ ಕೊಟ್ಟಿತು. ಪ್ರಕರಣ ಕಾನೂನು ವರದಿಗಳಲ್ಲಿ ಅಚ್ಚಾಯಿತು, ಕುರ್ಚಿ ಮಾತ್ರ ಖಾಲಿಯೇ ಉಳಿಯಿತು.

ಅದೇ ಕಾಲದಲ್ಲಿ ಬೆಂಗಳೂರಿನ ಇನ್ನೊಬ್ಬರು ಬೇರೆ ಬಾಗಿಲು ತಟ್ಟಿದರು. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ 2012ರಲ್ಲಿ, ಎಂಬತ್ತಾರರ ವಯಸ್ಸಿನಲ್ಲಿ, ಆಧಾರ್ ವಿರುದ್ಧ ಸುಪ್ರೀಂ ಕೋರ್ಟಿಗೆ ಹೋದರು. 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ಖಾಸಗಿತನ ಮೂಲಭೂತ ಹಕ್ಕು ಎಂದರು. ಮಾಹಿತಿ ಸಂರಕ್ಷಣೆಯ ಹೊಸ ಕಾನೂನಿಗೆ ದಾರಿಯಾದದ್ದು ಆ ತೀರ್ಪು. ಪುಟ್ಟಸ್ವಾಮಿಯವರು 2024ರಲ್ಲಿ ತೀರಿಕೊಂಡರು. ಅವರ ಹೆಸರಿನ ತೀರ್ಪನ್ನು ದೇಶದ ಕಾನೂನು ವಿದ್ಯಾರ್ಥಿಗಳೆಲ್ಲ ಬಾಯಿಪಾಠ ಮಾಡುತ್ತಾರೆ.

ತೀರ್ಪು ಬಂದ ಮರುವರ್ಷವೇ ಭವಿಷ್ಯನಿಧಿ ಸಂಸ್ಥೆ ಇಪಿಎಫ್‌ಒದ ಸುದ್ದಿ ಬಂತು. ಆಧಾರ್ ಜೋಡಣೆಯ ಜಾಲತಾಣದಿಂದ ಮಾಹಿತಿ ಕದಿಯಲಾಗಿದೆ ಎಂದು ಇಪಿಎಫ್‌ಒ ಆಯುಕ್ತರು 2018ರ ಮಾರ್ಚ್ 23ರಂದು ಕಾಮನ್ ಸರ್ವಿಸ್ ಸೆಂಟರ್ ಸಂಸ್ಥೆಗೆ ಬರೆದ ಪತ್ರ ಮೇ ತಿಂಗಳಲ್ಲಿ ಬಹಿರಂಗವಾಯಿತು. ಸೋರಿಕೆ ದೃಢಪಟ್ಟಿಲ್ಲ, ಮುನ್ನೆಚ್ಚರಿಕೆಯಾಗಿ ಸೇವೆ ನಿಲ್ಲಿಸಿದ್ದೇವೆ ಎಂದು ಇಪಿಎಫ್‌ಒ ಸಮಜಾಯಿಷಿ ಕೊಟ್ಟಿತು. ಅಲ್ಲಿಗೆ ಮುಗಿಯಿತು. 43ಎ ಕಂಪನಿಗಳಿಗೆ, ವ್ಯಾಪಾರ-ವೃತ್ತಿ ನಡೆಸುವ ಸಂಸ್ಥೆಗಳಿಗೆ ಮಾತ್ರ. ಸರ್ಕಾರದ ಕಡೆಗೆ ಅದರ ಕೈ ಚಾಚುವುದಿಲ್ಲ. ತೋಟದಲ್ಲಿ ದುಡಿದು ತಿಂಗಳಿಗೆ ಸಾವಿರ ಚಿಲ್ಲರೆ ಪಿಂಚಣಿ ಪಡೆಯುವ ಹೆಂಗಸು ಬದುಕಿದ್ದೇನೆಂದು ತೋರಿಸಲು ವರ್ಷಕ್ಕೊಮ್ಮೆ ಬೆರಳೊತ್ತುತ್ತಾಳೆ. ಅಡಿಕೆ ಸುಲಿದು ಚೊಗರು ಹಿಡಿದು ಕಪ್ಪಾದ, ಗೆರೆ ಸವೆದ ಆ ಬೆರಳನ್ನು ಯಂತ್ರ ಒಪ್ಪುವುದಿಲ್ಲ. ಸೀರೆಯ ಸೆರಗಿನಲ್ಲಿ ಒರೆಸಿ ಮತ್ತೆ ಒತ್ತುತ್ತಾಳೆ. ಗುರುತು ಹಿಡಿಯಲು ಇಷ್ಟು ಬಿಗಿ, ಕಾಯಲು ಅಷ್ಟು ಸಡಿಲ.

ಹೊರಗಿನವರು ಹೇಗೆ ನಡೆದುಕೊಂಡರು? ಬ್ರಿಟನ್ನಿನ ಮಾರಿಸನ್ಸ್ ಅಂಗಡಿ ಸರಣಿಯ ಕಥೆ ನನಗೆ ಅಚ್ಚುಮೆಚ್ಚು. ತನ್ನ ಖಾಸಗಿ ವ್ಯಾಪಾರದ ಪೊಟ್ಟಣವನ್ನು ಆಫೀಸಿನ ಟಪಾಲಿನಲ್ಲಿ ಕಳಿಸಿ ಎಚ್ಚರಿಕೆ ತಿಂದ ಒಳ ಲೆಕ್ಕಪರಿಶೋಧಕನೊಬ್ಬ ಸೇಡಿಗಾಗಿ 2014ರಲ್ಲಿ ಸುಮಾರು ಒಂದು ಲಕ್ಷ ನೌಕರರ ಸಂಬಳ, ವಿಳಾಸ, ಬ್ಯಾಂಕ್ ಖಾತೆಯ ವಿವರವನ್ನು ಅಂತರ್ಜಾಲಕ್ಕೆ ಸುರಿದ, ಸಿಡಿ ಮಾಡಿ ಪತ್ರಿಕೆಗಳಿಗೂ ಕಳಿಸಿದ. ಪತ್ರಿಕೆಗಳು ಅಚ್ಚು ಹಾಕಲಿಲ್ಲ. ಅವನಿಗೆ ಎಂಟು ವರ್ಷ ಜೈಲಾಯಿತು. ಸಾವಿರಾರು ನೌಕರರು ಕಂಪನಿಯ ಮೇಲೆ ದಾವೆ ಹೂಡಿ ಕೆಳಗಿನ ಎರಡು ಹಂತಗಳಲ್ಲಿ ಗೆದ್ದರು. 2020ರ ಏಪ್ರಿಲ್ 1ರಂದು ಅಲ್ಲಿನ ಸುಪ್ರೀಂ ಕೋರ್ಟು, ಅವನ ಸ್ವಂತ ಹಗೆಗೆ ಕಂಪನಿ ಹೊಣೆಯಲ್ಲ ಎಂದು ಎಲ್ಲವನ್ನೂ ತಿರುಗಿಸಿತು. ಸೋತರೂ ಆ ನೌಕರರಿಗೆ ಮೂರು ನ್ಯಾಯಾಲಯಗಳು ಕಿವಿಗೊಟ್ಟಿದ್ದವು.

ಅಮೆರಿಕದ ಉದಾಹರಣೆಯಲ್ಲಿ ನಮ್ಮೂರ ಕಂಪನಿಯೇ ಇದೆ. ಇನ್ಫೊಸಿಸ್‌ನ ಅಂಗಸಂಸ್ಥೆ ಮೆಕಾಮಿಷ್ ಅಲ್ಲಿನ ವಿಮೆ, ನಿವೃತ್ತಿ ಯೋಜನೆಗಳ ಲೆಕ್ಕ ನೋಡಿಕೊಳ್ಳುತ್ತದೆ. 2023ರಲ್ಲಿ ದಾಳಿಕೋರರು ನುಗ್ಗಿ ಸುಮಾರು 65 ಲಕ್ಷ ಜನರ ವಿವರ ಸೋರಿತು. 2025ರ ಮಾರ್ಚ್‌ನಲ್ಲಿ 1.75 ಕೋಟಿ ಡಾಲರ್ ಕೊಟ್ಟು ರಾಜಿಗೆ ಕಂಪನಿ ಒಪ್ಪಿತು. ಹೊಣೆ ಒಪ್ಪಿಕೊಂಡದ್ದಲ್ಲ, ದಾವೆ ಮುಗಿಸಿಕೊಂಡದ್ದು. ಆದರೂ ಹಣ ಹೊರಟಿದ್ದು ನಷ್ಟವಾದವರ ಕಡೆಗೆ.

ನಮ್ಮ ಹೊಸ ಕಾಯ್ದೆಯಲ್ಲಿ ಹಣ ಬೇರೆ ದಿಕ್ಕಿಗೆ ಹರಿಯುತ್ತದೆ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ಪ್ರಕಾರ ಮಾಹಿತಿ ಕಾಯದ ಕಂಪನಿಗೆ 250 ಕೋಟಿ ರೂಪಾಯಿವರೆಗೆ, ಸೋರಿದ್ದನ್ನು ತಿಳಿಸದಿದ್ದರೆ 200 ಕೋಟಿವರೆಗೆ ದಂಡ. ಅಂಕಿ ನೋಡಿದರೆ ಎದೆ ಝಲ್ಲೆನ್ನಬೇಕು. ಆ ಹಣವೆಲ್ಲ ಭಾರತದ ಸಂಚಿತ ನಿಧಿಗೆ. ಖಾತೆ ಬರಿದಾದ ನೌಕರನಿಗೆ ಬಿಡಿಗಾಸಿಲ್ಲ. ಸಿವಿಲ್ ಕೋರ್ಟಿಗೆ ಹೋಗೋಣವೆಂದರೆ ಈ ಕಾಯ್ದೆಯ ದತ್ತಾಂಶ ಸಂರಕ್ಷಣಾ ಮಂಡಳಿಯ ವ್ಯಾಪ್ತಿಯ ವಿಷಯಗಳಲ್ಲಿ ಆ ದಾರಿಗೂ ಬೇಲಿ. ಉದ್ಯೋಗದ ಕಾರಣಕ್ಕಾದರೆ ನೌಕರನ ಒಪ್ಪಿಗೆ ಇಲ್ಲದೆಯೂ ಅವನ ಮಾಹಿತಿ ಬಳಸಬಹುದು. ಸುಳ್ಳು ಅಥವಾ ಹುರುಳಿಲ್ಲದ ದೂರು ಕೊಟ್ಟರೆ ಮಾತ್ರ ಅವನಿಗೇ ಹತ್ತು ಸಾವಿರದವರೆಗೆ ದಂಡ! ಜೊತೆಗೆ ಇದೇ ಕಾಯ್ದೆಯ ಕಲಂ 44 ಸದ್ದಿಲ್ಲದೆ 43ಎಯನ್ನು ಕಿತ್ತುಹಾಕುತ್ತದೆ.

ಒಂದು ಮಾತು ಮಾತ್ರ ಹೊಸ ಕಾಯ್ದೆಯ ಪರವಾಗಿ ಹೇಳಬೇಕು. ಈಗಿನ ನಿಯಮದಂತೆ ಸೋರಿಕೆಯಾದರೆ ಕಂಪನಿ ಸೈಬರ್ ದಾಳಿಗಳ ಮೇಲೆ ಕಣ್ಣಿಡುವ ಸರ್ಕಾರಿ ಸಂಸ್ಥೆ ಸರ್ಟ್-ಇನ್‌ಗೆ ಆರು ಗಂಟೆಯೊಳಗೆ ತಿಳಿಸಬೇಕು, ಮಾಹಿತಿ ಕಳೆದುಕೊಂಡವನಿಗೆ ಹೇಳಬೇಕೆಂದಿಲ್ಲ. ಹೊಸ ಕಾಯ್ದೆ ಪೂರ್ತಿ ಜಾರಿಗೆ ಬಂದ ಮೇಲೆ ಅವನಿಗೂ ತಿಳಿಸಬೇಕು. ಕಾಗದದ ಚೆಕ್‌ರೋಲ್ ಇದರ ವ್ಯಾಪ್ತಿಗೆ ಬಾರದು. ರೈಟರ್ ಅದರ ಪುಟವನ್ನು ಮೊಬೈಲಿನಲ್ಲಿ ಫೋಟೊ ತೆಗೆದ ಕ್ಷಣ ಬರುತ್ತದೆ. ಬಾಳೆಹೊನ್ನೂರು, ಹರಿಹರಪುರದ ಸುತ್ತಿನ ಎಷ್ಟು ಸಾಹುಕಾರರಿಗೆ ಇದು ಗೊತ್ತೋ ಕಾಣೆ.

ನಿಯಮಗಳು 2025ರ ನವೆಂಬರ್‌ನಲ್ಲಿ ಪ್ರಕಟವಾದವು. ದಂಡದ ಮುಖ್ಯ ಕಲಮುಗಳು, 43ಎಯನ್ನು ತೆಗೆದುಹಾಕುವ ಕಲಂ ಎರಡಕ್ಕೂ ಅಲ್ಲಿಂದ ಹದಿನೆಂಟು ತಿಂಗಳ ಗಡುವು. ಎಂದರೆ 2027ರ ಮೇ. ಅಲ್ಲಿಯವರೆಗೆ ಹಳೆಯ ಕಲಂ ಜೀವಂತವಾಗಿದೆ. ಕಂಪನಿಯ ಉದಾಸೀನದಿಂದ ಸಂಬಳದ ಖಾತೆಯದೋ ಅಮ್ಮನ ಆಸ್ಪತ್ರೆಯದೋ ವಿವರ ಸೋರಿ ನಷ್ಟವಾಗಿದ್ದರೆ ಐಟಿ ಇಲಾಖೆಯ ಕಾರ್ಯದರ್ಶಿಗೆ ಇವತ್ತೂ ದೂರು ಬರೆಯಬಹುದು. ಕಂಪನಿಯಿಂದ ಬಂದ ಇಮೇಲ್, ಬ್ಯಾಂಕಿನ ಸ್ಟೇಟ್‌ಮೆಂಟ್, ಪೊಲೀಸ್ ದೂರಿನ ಪ್ರತಿ ಲಗತ್ತಿಸಬೇಕು.